ನಮ್ಮ ಮೊಲ ಮರಿ ತಿಂದಾಗ

ಗಂಗಾವತಿ ಹತ್ತಿರದ ನಮ್ಮ ಹೊಲದಲ್ಲಿ ಹತ್ತು ಹೆಣ್ಣು, ಎರಡು ಗಂಡು ಮೊಲ ತಂದು ಸಾಕಲು ಶುರು ಮಾಡಿದ್ದೆ. ಮೊದಲನೆಯದು ಏಪ್ರಿಲ್‌ನಲ್ಲಿ ಈದಿತು. ಬೆಳಿಗ್ಗೆ ಹೋಗಿ ನೋಡಿದರೆ ಎರಡು ಮರಿಯ ತಲೆ, ಒಂದು ಕಾಲು, ಅಷ್ಟೇ. ಮಿಕ್ಕಿದ್ದನ್ನು ತಾಯಿಯೇ ತಿಂದಿತ್ತು. "ತನ್ನ ಮಕ್ಕಳನ್ನ ತಾನೇ ತಿಂತೈತಲ್ಲೋ, ಇಂಥಾದ್ದು ಮನ್ಯಾಗ ಬ್ಯಾಡ" ಅಂದಳು ಅವ್ವ.

ನನಗೂ ಹಾಗೇ ಅನ್ನಿಸಿತ್ತು. ಎರಡನೇ ಮೊಲವೂ ಅದೇ ಮಾಡಿದಾಗ ಶೆಡ್ಡಿನ ಮೇಲೆ ಅನುಮಾನ ಬಂತು.

ತಗಡಿನ ಶೆಡ್ಡು. ನಮ್ಮ ಕಡೆ ಏಪ್ರಿಲ್ ಅಂದ್ರೆ 40 ಡಿಗ್ರಿ ಬಿಸಿಲು. ಮೊಲ 30 ದಾಟಿದರೇ ಏದುಸಿರು ಬಿಡುತ್ತದೆ. ಸಂಜೆ ಬಟ್ಟಲಿಗೆ ಹಾಕಿದ ನೀರು ರಾತ್ರಿಗೇ ಖಾಲಿ. ಮೊಲ ಈಯುವುದು ಹೆಚ್ಚಾಗಿ ನಸುಕಿನಲ್ಲಿ. ಈದ ಕೂಡಲೇ ಮಾಸು ತಿನ್ನುತ್ತದೆ, ಮರಿ ನೆಕ್ಕುತ್ತದೆ. ಬಾಯಾರಿ ಬೆದರಿದ ತಾಯಿ, ಅದೂ ಚೊಚ್ಚಲು, ಮಾಸಿನ ಜೊತೆ ಮರಿಯನ್ನೂ ಕಡಿದುಬಿಡುತ್ತದೆ. ಸತ್ತು ಹುಟ್ಟಿದ್ದನ್ನಂತೂ ತಿಂದು ಗೂಡು ಚೊಕ್ಕ ಮಾಡುತ್ತದೆ. ಜೊತೆಗೆ ನಮ್ಮ ನಾಯಿ ರಾತ್ರಿಯೆಲ್ಲ ಗೂಡಿನ ಕೆಳಗೇ ಮಲಗುತ್ತಿತ್ತು. ನಾನು ಅದನ್ನು ಕಾವಲು ಅಂದುಕೊಂಡಿದ್ದೆ!

ತಗಡಿನ ಮೇಲೆ ಭತ್ತದ ಹುಲ್ಲು ಹೊದಿಸಿದೆ, ಸುತ್ತ ಒದ್ದೆ ಗೋಣಿಚೀಲ ಕಟ್ಟಿದೆ. ನಾಯಿಯನ್ನು ಬಾವಿ ಕಡೆ ಕಟ್ಟಿಹಾಕಿದೆ. ಗಬ್ಬದ ಮೊಲಕ್ಕೆ ಹಿಂಡಿ, ಕುದುರೆ ಮೆಂತ್ಯ ಜಾಸ್ತಿ ಮಾಡಿದೆ. ಮೊಲ ಗಬ್ಬವಿರುವುದು ಸುಮಾರು 31 ದಿನ. 27ನೇ ದಿನಕ್ಕೆ ಹುಲ್ಲು ಹಾಸಿದ ಮರದ ಪೆಟ್ಟಿಗೆ ಇಟ್ಟೆ. ತನ್ನ ಎದೆಯ ತುಪ್ಪಳ ಕಿತ್ತು ಅದರೊಳಗೆ ಹಾಸಿಕೊಂಡರೆ ಹೆರಿಗೆ ಹತ್ತಿರ ಅಂತ ಲೆಕ್ಕ.

ಇನ್ನೊಂದು ತಪ್ಪು ಹೇಳಲು ಸ್ವಲ್ಪ ನಾಚಿಕೆ. ತಾಯಿ ಮರಿಗಳ ಹತ್ತಿರ ಕೂರುವುದೇ ಇಲ್ಲ ಅಂತ ನಾನೇ ಹಿಡಿದು ಪೆಟ್ಟಿಗೆಯೊಳಗೆ ತಳ್ಳುತ್ತಿದ್ದೆ. ಮೊಲ ಹಾಲು ಕೊಡುವುದೇ ದಿನಕ್ಕೊಂದು ಸಲ, ಅದೂ ಮೂರ್ನಾಲ್ಕು ನಿಮಿಷ. ನನ್ನ ಕಾಟಕ್ಕೆ ಹೆದರಿ ಮರಿಗಳನ್ನು ತುಳಿದಿತ್ತು.

ಈಗ ಎರಡು ಮೊಲ ಒಟ್ಟಿಗೆ ಈಯುವಂತೆ ನೋಡಿಕೊಳ್ಳುತ್ತೇನೆ. ಒಂದು ಕೈಕೊಟ್ಟರೆ ಅದರ ಮರಿಗಳಿಗೆ ಇನ್ನೊಂದರ ಗೂಡಿನ ತುಪ್ಪಳ ಸವರಿ ಅಲ್ಲಿ ಸೇರಿಸುತ್ತೇನೆ. ಇಷ್ಟಾದರೂ ಒಂದು ಮೊಲ ಮೂರು ಸಲವೂ ತಿಂದಿತು. ಅದನ್ನು ಮಾರಿಬಿಟ್ಟೆ.

ಆನೆಗೊಂದಿ ಕಡೆ ಹೋದಾಗ ಬಂಡೆ ಮೇಲಿನ ಮುಸ್ಯಾಗಳನ್ನು, ಅಂದ್ರೆ ಕಪ್ಪು ಮೋರೆಯ ಕೋತಿಗಳನ್ನು, ನೋಡುತ್ತಾ ಕೂರುತ್ತೇನೆ. ಅವೂ ಮರಿ ಕೊಲ್ಲುತ್ತವೆ, ಆದರೆ ಆ ಕತೆಯೇ ಬೇರೆ. ಸುಗಿಯಾಮಾ ಅನ್ನುವ ಜಪಾನಿ ವಿಜ್ಞಾನಿ 1960ರ ದಶಕದ ಶುರುವಿನಲ್ಲಿ ನಮ್ಮ ಧಾರವಾಡದ ಹತ್ತಿರವೇ ಅದನ್ನು ಕಂಡು ಬರೆದರು. ಹೊಸ ಗಂಡು ಹಳೆಯದನ್ನು ಓಡಿಸಿ ಗುಂಪು ಹಿಡಿದರೆ ಹಾಲು ಕುಡಿಯುವ ಮರಿಗಳನ್ನು ಕೊಲ್ಲುತ್ತದೆ. ಹಾಲೂಡಿಸುವ ತಾಯಿ ಬೆದೆಗೆ ಬರುವುದಿಲ್ಲ. ಮರಿ ಹೋದರೆ ಬೇಗ ಬರುತ್ತದೆ. ಮುಂದೆ ಹುಟ್ಟುವುದು ಹೊಸ ಗಂಡಿನ ಮರಿ. ಅಲ್ಲಿ ಕೊಂದವನಿಗೆ ಲಾಭವಿದೆ. ನನ್ನ ಮೊಲಕ್ಕೆ ಏನಿತ್ತು? ಒಂದು ಬಟ್ಟಲು ನೀರು ಸಿಕ್ಕಿದ್ದರೆ ಸಾಕಿತ್ತೇನೋ.

ಅವ್ವ ಈಗ ರಾತ್ರಿ ಮಲಗುವ ಮುಂಚೆ ಕೇಳುತ್ತಾಳೆ, "ಬಾಣಂತಿಗೆ ನೀರಿಟ್ಟ್ಯೋ ಇಲ್ಲೋ?" ಅಂತ. ಹೆಣ್ಣು ಮೊಲಕ್ಕೆ ಗಂಡು ಬಿಡುವುದನ್ನಂತೂ ಫೆಬ್ರುವರಿ ಮುಗಿಯುವುದರೊಳಗೆ ನಿಲ್ಲಿಸುತ್ತೇನೆ. ಏಪ್ರಿಲ್, ಮೇನಲ್ಲಿ ನಮ್ಮಲ್ಲಿ ಯಾವ ಮೊಲವೂ ಈಯುವುದಿಲ್ಲ.