ಬೂಷ್ಟಿಗೆ ಪುಡಿ ಹುಡುಕಬೇಡಿ, ಕಡ್ಡಿ ಹುಡುಕಿ

ಕುಂಡದ ಮಣ್ಣಿನ ಮೇಲೆ ಬಿಳಿ ಬೂಷ್ಟು ಕಂಡರೆ ಸಾಕು, ಈಗಿನವರಿಗೆ ಏನಾದರೊಂದು ಪುಡಿ ಉದುರಿಸದಿದ್ದರೆ ಸಮಾಧಾನವಿಲ್ಲ. ನನ್ನ ಸೊಸೆ ಅಡುಗೆ ಸೋಡಾ ಸುರಿದಳು. ಬೂಷ್ಟು ಹೋಯಿತೋ ಇಲ್ಲವೋ, ಎಲೆಯ ಅಂಚುಗಳಂತೂ ಸುಟ್ಟವು. ಸೋಡಾ ಕೂಡ ಒಂದು ಉಪ್ಪೇ ತಾನೆ! ಆ ಬೂಷ್ಟು ಸಾಮಾನ್ಯವಾಗಿ ಗಿಡದ ತಂಟೆಗೆ ಬರುವುದಿಲ್ಲ. ಮಣ್ಣಿನಲ್ಲಿ ಕೊಳೆಯುತ್ತಿರುವ ಎಲೆ, ಗೊಬ್ಬರವೇ ಅದರ ಊಟ. ಅದು ಕಂಡಿತೆಂದರೆ ನೀವು ನೀರು ಅತಿಯಾಗಿ ಹಾಕುತ್ತಿದ್ದೀರಿ, ಅಷ್ಟೇ. ಹತ್ತಿಯಂತೆ ಮೆತ್ತಗಿರದೆ ಗರಗರ ಎನ್ನುತ್ತಿದ್ದರೆ ಅದು ಬೂಷ್ಟೂ ಅಲ್ಲ, ನೀರಿನ ಉಪ್ಪು.

ಮೂಗಿಗೆ ಬಟ್ಟೆ ಕಟ್ಟಿಕೊಂಡು ಮೇಲಿನ ಮಣ್ಣನ್ನು ಬೆರಳಿನ ಗೆಣ್ಣಿನಷ್ಟು ಕೆರೆದು ತೆಗೆಯಿರಿ. ಒಣ ಮಣ್ಣು ತುಂಬಿ. ಕುಂಡದ ಕೆಳಗಿನ ತಟ್ಟೆಯಲ್ಲಿ ನಿಂತ ನೀರನ್ನು ಚೆಲ್ಲಿ.

ಇನ್ನು ಮಣ್ಣಿನ ತೇವ ನೋಡುವ ಕಡ್ಡಿಯ ವಿಷಯ. ಪೊರಕೆಯದಲ್ಲ, ಅದು ಬಳುಕುತ್ತದೆ. ಒಣಗಿದ ಬಿದಿರಿನ ಕಡ್ಡಿ, ಸಿಪ್ಪೆ ಹೆರೆದು ಒಳಗಿನ ತಿಳಿ ಬಣ್ಣ ಕಾಣುವಂತಿರಬೇಕು. ಕುಂಡದ ಅಂಚಿಗೆ ಒತ್ತಿ, ಬುಡದ ಬೇರಿಗೆ ತಗುಲದಂತೆ, ತಳ ಮುಟ್ಟುವವರೆಗೆ ಮೆಲ್ಲಗೆ ಇಳಿಸಿ. ಚುಚ್ಚಿದ ಕೂಡಲೇ ಎಳೆಯಬೇಡಿ, ಮರಕ್ಕೆ ತೇವ ಹೀರಲು ಹೊತ್ತು ಬೇಕು. ನಾನು ಪತ್ರಿಕೆಯ ಎರಡು ಪುಟ ಓದಿ ಮುಗಿಸಿ ಎದ್ದು ಬರುತ್ತೇನೆ. ಎಳೆದ ಮೇಲೆ ಕಪ್ಪಾದ ಗುರುತು ಎಲ್ಲಿಯವರೆಗೆ ಏರಿದೆ ನೋಡಿ. ಅರ್ಧ ದಾಟಿದ್ದರೆ ಅಂದು ನೀರಿಲ್ಲ. ಆಮೇಲೆ ತುದಿಯನ್ನು ಮೂಸಿ. ನಗಬೇಡಿ! ನನ್ನ ಅತ್ತೆಗೆ ಕೊನೆಗಾಲದಲ್ಲಿ ಕಣ್ಣು ಮಂಜಾಗಿತ್ತು, ಮೂಸಿಯೇ ಯಾವ ಗಿಡಕ್ಕೆ ನೀರು ಬೇಡವೆಂದು ಹೇಳುತ್ತಿದ್ದರು. ಮೊದಲ ಮಳೆಯ ವಾಸನೆ ಬಂದರೆ ಕ್ಷೇಮ. ಹುಳಿ ನಾತ, ಕೊಳಚೆ ನಾತ ಬಂದರೆ ತಳದಲ್ಲಿ ಬೇರು ಕೊಳೆಯುತ್ತಿದೆ, ಗಿಡವನ್ನು ಕಿತ್ತು ಬೇರೆ ಮಣ್ಣಿಗೆ ಹಾಕಿ. ಒಂದೊಂದು ಕುಂಡಕ್ಕೂ ಅದರದೇ ಕಡ್ಡಿ ಇರಲಿ. ರೋಗದ ಕುಂಡಕ್ಕೆ ಚುಚ್ಚಿದ್ದನ್ನೇ ಇನ್ನೊಂದಕ್ಕೂ ಚುಚ್ಚುವವರನ್ನು ನೋಡಿದರೆ ನನಗೆ ಮೈ ಉರಿಯುತ್ತದೆ.

ಹುಲ್ಲುಹಾಸಿನ ನಡುವೆ ಅಣಬೆ ಎದ್ದರೆ ಕೆಳಗೆಲ್ಲೋ ಹಳೆಯ ಬೇರು, ಮರದ ತುಂಡು ಕೊಳೆಯುತ್ತಿದೆ ಎಂದು ತಿಳಿಯಿರಿ. ಕಿತ್ತರೆ ಹೋಗುವುದು ತಲೆ ಮಾತ್ರ, ಅಣಬೆಯ ಎಳೆಗಳು ಮಣ್ಣಿನೊಳಗೇ ಇರುತ್ತವೆ. ಆದರೂ ಮಕ್ಕಳು, ನಾಯಿಗಳು ಬಾಯಿಗೆ ಹಾಕಿಕೊಳ್ಳುವ ಮುನ್ನ ಕಿತ್ತುಬಿಡಿ. ಹುಲ್ಲಿಗೇ ಕಂದು ಮಚ್ಚೆ ಹರಡುತ್ತಿದ್ದರೆ ನಿಮ್ಮ ಸಂಜೆಯ ನೀರನ್ನು ಮೊದಲು ನಿಲ್ಲಿಸಿ. ರಾತ್ರಿಯಿಡೀ ಎಲೆ ಒದ್ದೆಯಾಗಿದ್ದರೆ ಶಿಲೀಂಧ್ರಕ್ಕೆ ಅದಕ್ಕಿಂತ ಸುಖ ಬೇಕೆ? ನಸುಕಿನಲ್ಲಿ ಹಾಕಿ, ಬಿಸಿಲು ಬಂದು ಒಣಗಿಸಲಿ. ಒಂದೇ ಸಲ ಹುಲ್ಲಿನ ಎತ್ತರದ ಮೂರರಲ್ಲಿ ಒಂದು ಭಾಗಕ್ಕಿಂತ ಹೆಚ್ಚು ಕತ್ತರಿಸಬೇಡಿ, ಒದ್ದೆ ಹುಲ್ಲಿಗಂತೂ ಯಂತ್ರ ಹಚ್ಚಲೇಬೇಡಿ. ಮೊಂಡು ಅಲಗು ಹುಲ್ಲನ್ನು ಕತ್ತರಿಸುವುದಿಲ್ಲ, ಹರಿಯುತ್ತದೆ. ಹರಿದ ತುದಿಯಲ್ಲೇ ರೋಗ ಹೊಕ್ಕುತ್ತದೆ. ನಿಮ್ಮ ಯಂತ್ರದ ಅಲಗನ್ನು ಸಾಣೆ ಹಿಡಿಸಿ ಎಷ್ಟು ಕಾಲವಾಯಿತು, ಹೇಳಿ?