ಚಾಕಿ ಕೇಂದ್ರದಿಂದ ಪಂಚಾಯಿತಿವರೆಗೆ: ಒಬ್ಬ ಮಾಜಿ ಸೈನಿಕನ ಅನುಭವ

"ಮಿಲಿಟರಿಯವನಿಗೆ ವ್ಯಾಪಾರ ಆಗಿಬರಲ್ಲ. ಹೆಂಡ, ದುಡ್ಡು ಹಂಚದೆ ಎಲೆಕ್ಷನ್ ಅಂತೂ ಆಗೋದೇ ಇಲ್ಲ." ನಮ್ಮೂರ ಅರಳಿಕಟ್ಟೆಯಲ್ಲಿ ಹತ್ತು ವರ್ಷ ಈ ಮಾತು ಕೇಳಿದ್ದೇನೆ. 2020ರ ಡಿಸೆಂಬರ್‌ನಲ್ಲಿ ಗ್ರಾಮ ಪಂಚಾಯಿತಿ ಎಣಿಕೆ ಮುಗಿದಾಗ 60 ಚಿಲ್ಲರೆ ಮತದಿಂದ ಗೆದ್ದಿದ್ದೆ. ಖರ್ಚು 11 ಸಾವಿರ ದಾಟಿರಲಿಲ್ಲ. ಅಷ್ಟು ಹೊತ್ತಿಗೆ, ರೇಷ್ಮೆಯ ಎಳೆ ಹುಳು ಸಾಕಿ ರೈತರಿಗೆ ಕೊಡುವ ನನ್ನ ಚಾಕಿ ಕೇಂದ್ರವೂ ಸಾಲ ತೀರಿಸಿ ಲಾಭಕ್ಕೆ ಬಂದಿತ್ತು. ಈಗ ಪೆನ್ಷನ್ ಬರೋ ವಯಸ್ಸಿನಲ್ಲಿರುವ ಸೈನಿಕ ತಮ್ಮಂದಿರಿಗಾಗಿ ಇದನ್ನು ಬರೆಯುತ್ತಿದ್ದೇನೆ. ಕಮ್ಯುಟೇಶನ್ (ಪೆನ್ಷನ್ನಿನ ಒಂದು ಭಾಗ ಮೊದಲೇ ಒಟ್ಟಿಗೆ ತಗೊಳ್ಳೋದು), ಇಸಿಎಚ್‌ಎಸ್ (ಮಾಜಿ ಸೈನಿಕರ ಆರೋಗ್ಯ ಯೋಜನೆ), ಕ್ಯಾಂಟೀನ್ ಕಾರ್ಡ್ ಎಲ್ಲ ನಿಮಗೆ ಗೊತ್ತಿರೋದೇ, ಅದನ್ನು ಬಿಡುತ್ತೇನೆ.

ನಾನು ಸೇನೆಯ ಎಂಜಿನಿಯರ್ ಪಡೆಯಾದ ಮದ್ರಾಸ್ ಸ್ಯಾಪರ್ಸ್‌ನವನು. 1986ರಲ್ಲಿ ಹಲಸೂರಿನ ಸೆಂಟರ್‌ನಲ್ಲಿ ಭರ್ತಿಯಾದೆ, 2010ರಲ್ಲಿ ಹವಾಲ್ದಾರ್ ಆಗಿ ಹೊರಬಂದೆ. ಸೇನಾ ಮೆಡಲ್ ಸಿಕ್ಕಿದ್ದು ಆಪರೇಷನ್ ಪರಾಕ್ರಮ್ (2001-02ರಲ್ಲಿ ಪಾಕಿಸ್ತಾನದ ಗಡಿಯಲ್ಲಿ ಸೇನೆ ಜಮಾಯಿಸಿದ್ದು) ಮುಗಿದ ಮೇಲೆ, ರಾಜಸ್ಥಾನದ ಗಡಿಯಲ್ಲಿ ಮೈನ್ (ನೆಲಬಾಂಬು) ತೆಗೆಯುವಾಗಿನ ಕೆಲಸಕ್ಕೆ. ಅಲ್ಲಿ ಮರಳು ನಿಲ್ಲುವುದಿಲ್ಲ. ಹಾಕಿದಾಗ ನಕ್ಷೆಯಲ್ಲಿ ಗುರುತು ಮಾಡಿದ ಜಾಗ ಒಂದು, ಆರು ತಿಂಗಳ ಮೇಲೆ ಮೈನ್ ಇರುವ ಜಾಗ ಇನ್ನೊಂದು. ನಕ್ಷೆಯೂ ಬೇಕು, ಆದರೆ ಪ್ರತಿ ಗೇಣು ನೆಲವನ್ನೂ ಕೈಯಲ್ಲೇ ಚುಚ್ಚಿ ನೋಡಬೇಕು. ಪ್ರಾಡರ್ (ನೆಲ ಚುಚ್ಚುವ ಸಲಾಕೆ) ಓರೆಯಾಗಿ ಹಿಡಿದು, ಮಂಡಿಯೂರಿ, ಬಿಳಿ ಟೇಪ್ ಎಳೆಯುತ್ತಾ ಹೋಗಬೇಕು. ಈ ಅಭ್ಯಾಸವೇ ಮುಂದೆ ನನ್ನ ಬಂಡವಾಳವಾಯಿತು.

ಕೈಗೆ ಬಂದ ಹಣ ಎಲ್ಲ ಸೇರಿ ಸುಮಾರು 9 ಲಕ್ಷ. ಮೊದಲ ವರ್ಷವೇ ಅದರಲ್ಲಿ 3 ಲಕ್ಷ ಹೋಯಿತು. ಬೆಂಗಳೂರಿನಲ್ಲಿ ಸೆಕ್ಯೂರಿಟಿ ಏಜೆನ್ಸಿ ಪಾಲುದಾರಿಕೆ ಅಂತ ಒಬ್ಬರು ಕರೆದರು. ನನ್ನ ಮೆಡಲ್ ಫೋಟೋ ಅವರ ಗೋಡೆಯ ಮೇಲೆ ಇತ್ತು, ನನ್ನ ಹೆಸರು ಮಾತ್ರ ಲೆಕ್ಕದ ಪುಸ್ತಕದಲ್ಲಿ ಇರಲಿಲ್ಲ. ಆಮೇಲೆ ಅಣಬೆ ಮಾಡಿದೆ, 40 ಸಾವಿರ ಹೋಯಿತು. ಬೆಳೆದೆ, ಚೆನ್ನಾಗೇ ಬಂತು. ಆದರೆ ಅರಸೀಕೆರೆ ಕಡೆ ದಿನಾ ಕೊಳ್ಳುವವರಿಲ್ಲ, ಅಣಬೆ ನಾಳೆವರೆಗೆ ಕಾಯುವುದಿಲ್ಲ.

ನಮ್ಮ ಜಿಲ್ಲೆಯಲ್ಲೇ ಒಂದು ದೊಡ್ಡ ಉದಾಹರಣೆ ಇತ್ತಲ್ವಾ. ಗೊರೂರಿನ ಕ್ಯಾಪ್ಟನ್ ಗೋಪಿನಾಥ್. 1971ರ ಯುದ್ಧ ಕಂಡವರು. ಹೇಮಾವತಿ ಹಿನ್ನೀರಿಗೆ ಜಮೀನು ಹೋದಾಗ ಬದಲಿಗೆ ಸಿಕ್ಕ ಜಾವಗಲ್ ಕಡೆಯ ಬರಡು ನೆಲದಲ್ಲಿ ಟೆಂಟ್ ಹಾಕಿ ಕೂತರು. ರೇಷ್ಮೆಯನ್ನು ಸಹಜ ಪದ್ಧತಿಯಲ್ಲಿ ಮಾಡಿ 1996ರಲ್ಲಿ ರೋಲೆಕ್ಸ್ ಪ್ರಶಸ್ತಿ ತಗೊಂಡರು. 2003ರಲ್ಲಿ ಏರ್ ಡೆಕ್ಕನ್ ಹಾರಿಸಿದರು. ಜನ ವಿಮಾನದ ಕಥೆ ಹೇಳುತ್ತಾರೆ. ನನಗೆ ಮುಖ್ಯ ಅನ್ನಿಸಿದ್ದು ಆ ಟೆಂಟ್. ನಾನೂ ಹಿಪ್ಪುನೇರಳೆಗೆ ಕೈ ಹಾಕಿದೆ.

ರೇಷ್ಮೆ ಗೂಡು ಬೆಳೆಯುವವರು ಸುತ್ತ ಬೇಕಾದಷ್ಟು ಜನ ಇದ್ದರು. ಒಳ್ಳೆ ಚಾಕಿ ಕೊಡುವವರು ಇರಲಿಲ್ಲ. ಒಂದೂವರೆ ಎಕರೆ ವಿ-1 ತಳಿಯ ಹಿಪ್ಪುನೇರಳೆ ಸೊಪ್ಪು, ಒಂದು ಶೆಡ್, 500 ಮೊಟ್ಟೆಯಿಂದ (ಒಂದು ಚಿಟ್ಟೆ ಇಟ್ಟ ಮೊಟ್ಟೆಗಳ ಗುಂಪಿಗೆ ನಾವು ಒಂದು ಮೊಟ್ಟೆ ಅನ್ನುತ್ತೇವೆ) ಶುರು. ಒಟ್ಟು 4 ಲಕ್ಷದ ಹತ್ತಿರ ಆಯಿತು. ಮೊದಲ ಬ್ಯಾಚ್ ಮೂರನೇ ದಿನ ಪೂರ್ತಿ ಸತ್ತಿತು. ಹುಳು ತಲೆ ಎತ್ತಿ, ಬಾಯಲ್ಲಿ ಹಸಿರು ನೀರು ಕಾರಿ, ಸುರುಟಿಕೊಂಡು ಬಿದ್ದಿದ್ದವು. ಪಕ್ಕದ ಟೊಮ್ಯಾಟೊ ಹೊಲಕ್ಕೆ ಹೊಡೆದ ಔಷಧಿ ಗಾಳಿಯಲ್ಲಿ ಬಂದು ನನ್ನ ಸೊಪ್ಪಿನ ಮೇಲೆ ಕೂತಿತ್ತು. ಎರಡನೇ ಸಲ ತೇವ ಜಾಸ್ತಿಯಾಗಿ ಹಾಸಿಗೆ ಬೂಸ್ಟು ಬಂತು. ಮೂರನೆಯದು ಹಾಲುತೊಂಡೆ ರೋಗಕ್ಕೆ ಹೋಯಿತು. ಒಂದು ವರ್ಷದಲ್ಲಿ ಒಂದೂವರೆ ಲಕ್ಷ ಕೈಬಿಟ್ಟಿತು. ಮನೆಯವಳು ಬಳೆ ಅಡವಿಟ್ಟಳು, ಒಂದು ಮಾತೂ ಆಡಲಿಲ್ಲ.

ಆಗ ಸ್ಯಾಪರ್ ಬುದ್ಧಿ ಬಂತು. ಟ್ರೇ ಟ್ರೇಗೂ ಒಂದು ಚೀಟಿ. ಮೊಟ್ಟೆ ಬಂದ ದಿನ, ನೀಲಿಗೆ ತಿರುಗಿದ ಹೊತ್ತು, ಕಪ್ಪು ಬಟ್ಟೆ ಮುಚ್ಚಿದ ಹೊತ್ತು, ಬೆಳಕಿಗೆ ತೆಗೆದ ಹೊತ್ತು, ಎಷ್ಟು ಸೊಪ್ಪು ಬಿತ್ತು, ಹುಳು ಜ್ವರಕ್ಕೆ (ಪೊರೆ ಬಿಡೋದಕ್ಕೆ) ಕೂತಿದ್ದು, ಎದ್ದಿದ್ದು. ಶೆಡ್ಡಿನ ಸೆಖೆ 27-28 ಡಿಗ್ರಿ, ಗಾಳಿಯ ತೇವ ನೂರಕ್ಕೆ 85 ಬಿಟ್ಟು ಇಳಿಯಬಾರದು ಅಂತ ಎಲ್ಲರಿಗೂ ಗೊತ್ತು. ಆದರೆ ನಮ್ಮ ಶೆಡ್ಡಿನ ಬಾಗಿಲ ಹತ್ತಿರದ ಟ್ರೇಗೂ ಮೂಲೆಯ ಟ್ರೇಗೂ ಎರಡು ಡಿಗ್ರಿ ವ್ಯತ್ಯಾಸ ಇತ್ತು. ಇದು ನನಗೆ ಚೀಟಿ ಬರೆದ ಮೇಲೇ ತಿಳಿದದ್ದು. ಟ್ರೇಗಳನ್ನು ಯಾವ ಹೊತ್ತಿಗೆ ಯಾವ ಸಾಲಿಗೆ ಬದಲಾಯಿಸುತ್ತೇನೆ ಅನ್ನೋದನ್ನು ಇಲ್ಲಿ ಬರೆಯುವುದಿಲ್ಲ. ಅದು ನನ್ನ ಅನ್ನ. ಫಲ ಮಾತ್ರ ಹೇಳುತ್ತೇನೆ: ಬೆಳಗ್ಗೆ ಆರಕ್ಕೆ ಬಟ್ಟೆ ತೆಗೆದರೆ ಎಂಟರ ಒಳಗೆ ಇರುವೆ ಮರಿಯಷ್ಟು ಸಣ್ಣ ಕಪ್ಪು ಹುಳು ಹಾಳೆಯ ತುಂಬ ಹರಿದಾಡುತ್ತವೆ. ನೂರಕ್ಕೆ 95 ಒಂದೇ ದಿನ ಒಡೆಯುತ್ತವೆ.

ತೇವ ಉಳಿಸೋಕೆ ಸುಮ್ನೆ ಒಂದು ಪ್ರಯೋಗ ಅಂತ ಶೆಡ್ಡಿನ ಗೋಡೆಗೆ ಗೋಣಿಚೀಲ ತೂಗುಹಾಕಿ, ಮೇಲಿನಿಂದ ಡ್ರಿಪ್ ಪೈಪಿನಲ್ಲಿ ನೀರು ಬಿಟ್ಟೆ. 800 ರೂಪಾಯಿ ಕೆಲಸ. ಬೇಸಿಗೆಯಲ್ಲಿ 30 ಸಾವಿರದ ತೇವದ ಮಿಷನ್ನಿಗಿಂತ ಚೆನ್ನಾಗಿ ನಡೆಯಿತು. ಮಳೆಗಾಲದಲ್ಲಿ ಗೋಣಿ ಕೊಳೆತು ವಾಸನೆ ಬಂತು, ತೆಗೆದುಹಾಕಿದೆ.

ವ್ಯಾಪಾರದಲ್ಲಿ ನನ್ನ ಪದ್ಧತಿ ಒಂದೇ. ಚಾಕಿ ಒಯ್ಯುವಾಗ ಅರ್ಧ ದುಡ್ಡು, ರಾಮನಗರದಲ್ಲಿ ಗೂಡು ಮಾರಿದ ಮೇಲೆ ಇನ್ನರ್ಧ. ಮೂರನೇ ಜ್ವರಕ್ಕೆ ನಾನೇ ಅವರ ಮನೆಗೆ ಹೋಗಿ ಹುಳು ನೋಡುತ್ತೇನೆ. ಎಲ್ಲರೂ ನಕ್ಕರು, "ಅರ್ಧ ದುಡ್ಡು ಮುಳುಗಿತು" ಅಂದರು. ಹತ್ತು ವರ್ಷದಲ್ಲಿ ಮುಳುಗಿದ್ದು 35-40 ಸಾವಿರ, ಅಷ್ಟೇ. 2020ರ ಲಾಕ್‌ಡೌನ್‌ನಲ್ಲಿ ಗೂಡಿನ ರೇಟು ಕೆಜಿಗೆ 200ರ ಆಸುಪಾಸಿಗೆ ಬಿತ್ತು. ಆ ಎರಡು ಬೆಳೆಯ ಬಾಕಿ ನಾನು ಕೇಳಲೇ ಇಲ್ಲ. ಮುಂದಿನ ಬೆಳೆಗೆ ಅವರೇ ತಂದುಕೊಟ್ಟರು.

ಇನ್ನು ಎಲೆಕ್ಷನ್. 2015ರಲ್ಲಿ ಒಮ್ಮೆ ನಿಂತಿದ್ದೆ. ಕೋಟಿನ ಮೇಲೆ ಮೆಡಲ್ ಹಾಕಿಕೊಂಡು, ಕರಪತ್ರದಲ್ಲಿ ಅದರ ಫೋಟೋ ಹಾಕಿಸಿ, 70 ಸಾವಿರ ಸುರಿದೆ. ಸೋತೆ. ಒಬ್ಬ ಅಜ್ಜಿ ಮೆಡಲ್ ಮುಟ್ಟಿ ನೋಡಿ, "ಇದು ದೇಶಕ್ಕಾಯ್ತು, ನಮ್ಮ ಬೀದಿ ನಲ್ಲಿಗೇನು ಮಾಡ್ತೀಯ ಮಗ?" ಅಂದಳು. ನನ್ನ ಹತ್ತಿರ ಉತ್ತರ ಇರಲಿಲ್ಲ. ಆಮೇಲೆ ಯೋಚಿಸಿದೆ. ಕೊಡಗಿನ ಜನರಲ್ ಕಾರ್ಯಪ್ಪನವರಂಥವರೇ 1971ರಲ್ಲಿ ಮುಂಬೈಯಿಂದ ಲೋಕಸಭೆಗೆ ನಿಂತು ಸೋತರು. ಗೋಪಿನಾಥ್ 2009ರಲ್ಲಿ ಬೆಂಗಳೂರು ದಕ್ಷಿಣದಲ್ಲಿ ಪಕ್ಷೇತರರಾಗಿ ನಿಂತು ಸೋತರು. ಸಮವಸ್ತ್ರಕ್ಕೆ ಜನ ಕೈ ಮುಗಿಯುತ್ತಾರೆ, ಮತ ಬೇರೆ ಲೆಕ್ಕ.

ಎರಡನೇ ಸಲ ಮೆಡಲ್ ಅಲ್ಮೆರಾದಲ್ಲೇ ಇತ್ತು. ಪಂಚಾಯಿತಿಗೆ ಪಕ್ಷದ ಚಿಹ್ನೆ ಇಲ್ಲ, ಅದು ನಮ್ಮಂಥವರಿಗೆ ಅನುಕೂಲ. ಚಾಕಿ ಚೀಟಿಯ ಹಾಗೇ ಮನೆಗೊಂದು ಪುಟ ಮಾಡಿದೆ, ಸುಮಾರು 240 ಮನೆ. ಯಾರಿಗೆ ಜಾಬ್ ಕಾರ್ಡ್ ಇಲ್ಲ, ಯಾರ ವಿಧವಾ ವೇತನ ನಿಂತಿದೆ, ಯಾವ ಕಂಬದ ದೀಪ ಉರಿಯಲ್ಲ. ನಾಮಪತ್ರಕ್ಕೆ ಮೊದಲೇ ಎಂಟು ತಿಂಗಳು ಇದರಲ್ಲಿ 50-60 ಕೆಲಸ ಮಾಡಿಸಿದ್ದೆ. ಕೊನೆಯ ಮೂರು ರಾತ್ರಿ ಎದುರಿನವರು ಬಾಟಲಿ ಹಂಚುವಾಗ ನಾನು ಏನು ಮಾಡಿದೆ ಅನ್ನೋದು ನನ್ನಲ್ಲೇ ಇರಲಿ, ಮತ್ತೆ ನಿಲ್ಲಬೇಕಾಗಬಹುದು.

ಗೆದ್ದ ಮೇಲೆ ಮೊದಲು ಮಾಡಿಸಿದ್ದು ಆ ಅಜ್ಜಿಯ ಬೀದಿಯ ಪೈಪ್ ಲೈನು. ಆಮೇಲೆ ನರೇಗಾದಲ್ಲಿ 20ಕ್ಕೂ ಹೆಚ್ಚು ಕುಟುಂಬಗಳಿಗೆ ಹಿಪ್ಪುನೇರಳೆ ನಾಟಿ. ಅವರಲ್ಲಿ ಅರ್ಧ ಜನ ಈಗ ಚಾಕಿಗೆ ನನ್ನ ಹತ್ತಿರವೇ ಬರುತ್ತಾರೆ. ಅದಕ್ಕೆ ಕೆಲವರು ಮಾತಾಡಿದರು. ಲೆಕ್ಕ ಪಂಚಾಯಿತಿ ಬೋರ್ಡಿನ ಮೇಲೆ ಅಂಟಿಸಿದೆ, ಸುಮ್ಮನಾದರು.

ಈಗ ಬ್ಯಾಚಿಗೆ 4 ಸಾವಿರ ಮೊಟ್ಟೆ. ನೋಡಬೇಕು ಅನ್ನುವ ತಮ್ಮಂದಿರು ಮರಿ ಒಡೆಯುವ ದಿನ ಬೆಳಗ್ಗೆ ಐದೂವರೆಗೆ ಶೆಡ್ಡಿನ ಹತ್ತಿರ ಇರಿ. ಸ್ನಾನ ಮಾಡಿ ಬನ್ನಿ. ಸೆಂಟು, ಬೀಡಿ, ತಂಬಾಕು, ನೋವಿನ ಮುಲಾಮು ಏನೂ ಮೈಮೇಲೆ ಇರಬಾರದು.