ಮಾರ್ಗರೆಟ್ ರದರ್‌ಫರ್ಡ್: ಒಂದು ಪಾತ್ರಪಟ್ಟಿ ಮಾಡಿದ ಬಗೆ

ಮಾರ್ಗರೆಟ್ ರದರ್‌ಫರ್ಡ್ (1892–1972) ಎಂಬ ಇಂಗ್ಲಿಷ್ ನಟಿಯ ಕುರಿತು ಕನ್ನಡದಲ್ಲಿ ಬರೆಯುವ ಮುನ್ನ ಐದು ಕಲಂನ ಒಂದು ಪಟ್ಟಿ ಮಾಡಿಕೊಂಡೆ: ಕೃತಿ, ಪಾತ್ರ, ರಂಗಮಂದಿರ, ರಂಗಕ್ಕೆ ಬಂದ ವರ್ಷ, ತೆರೆಗೆ ಬಂದ ವರ್ಷ. ಕೊನೆಯ ಎರಡನ್ನು ಒಂದೇ ಕಲಂಗೆ ತುಂಬಿದರೆ ಲೆಕ್ಕ ತಪ್ಪುತ್ತದೆ. ನಾಟಕದಲ್ಲಿ ಗೆದ್ದ ಪಾತ್ರವನ್ನೇ ವರ್ಷಗಳ ಮೇಲೆ ಕ್ಯಾಮೆರಾ ಮುಂದೆ ಮಾಡಿದವರು ಆಕೆ. ನೋಯೆಲ್ ಕವರ್ಡ್‌ರ 'ಬ್ಲೈಥ್ ಸ್ಪಿರಿಟ್'ನ ಮೇಡಂ ಆರ್ಕಾಟಿಯ ಪಾತ್ರ ಲಂಡನ್ನಿನ ಪಿಕಡಿಲಿ ಥಿಯೇಟರಿಗೆ ಬಂದದ್ದು 1941ರಲ್ಲಿ, ಡೇವಿಡ್ ಲೀನ್ ಚಿತ್ರಕ್ಕೆ 1945ರಲ್ಲಿ. ಆ ನಾಟಕದ ಮೊದಲ ಓಟದ 1997 ಪ್ರದರ್ಶನಗಳು ನಾಟಕದ ಲೆಕ್ಕ. ಅದನ್ನು ನಟಿಯ ಖಾತೆಗೆ ಬರೆಯಬಾರದು.

ಹೆಚ್ಚು ಹೊತ್ತು ಹಿಡಿದದ್ದು ಆಸ್ಕರ್ ವೈಲ್ಡ್‌ರ 'ದಿ ಇಂಪಾರ್ಟೆನ್ಸ್ ಆಫ್ ಬೀಯಿಂಗ್ ಅರ್ನೆಸ್ಟ್'. ಒಂದೇ ನಾಟಕ, ಎರಡು ಪಾತ್ರ. 1939ರಲ್ಲಿ ಗ್ಲೋಬ್ ಥಿಯೇಟರಿನಲ್ಲಿ ಮಿಸ್ ಪ್ರಿಸಂ. 1947ರಲ್ಲಿ ಜಾನ್ ಗಿಲ್‌ಗುಡ್ ತಂಡದೊಂದಿಗೆ ಅಮೆರಿಕಕ್ಕೆ ಹೋದಾಗ ಲೇಡಿ ಬ್ರಾಕ್‌ನೆಲ್. 1952ರ ಚಿತ್ರದಲ್ಲಿ ಮತ್ತೆ ಮಿಸ್ ಪ್ರಿಸಂ. ಅಲ್ಲಿ ಬ್ರಾಕ್‌ನೆಲ್ ಆದವರು ಈಡಿತ್ ಇವಾನ್ಸ್. ಇಂಥ ಕೃತಿಗೆ ಒಂದು ಸಾಲು ಸಾಲದು, ಪ್ರತಿ ಪ್ರಯೋಗಕ್ಕೂ ಒಂದೊಂದು ಬೇಕು.

'ಕ್ಯಾರೆಕ್ಟರ್ ನಟಿ' ಎಂಬುದನ್ನು 'ಪೋಷಕ ನಟಿ' ಎಂದು ಬರೆದು ಆಮೇಲೆ ಹೊಡೆದುಹಾಕಿದೆ. 'ದಿ ವಿ.ಐ.ಪಿ.ಸ್' ಚಿತ್ರಕ್ಕೆ ಬಂದ ಆಸ್ಕರ್ ಪೋಷಕ ನಟಿ ಪ್ರಶಸ್ತಿಯೇ, ನಿಜ (ಚಿತ್ರ 1963ರದ್ದು, ಸಮಾರಂಭ 1964ರದ್ದು, ಇಲ್ಲೂ ಎರಡು ವರ್ಷ ಬರೆದಿಟ್ಟುಕೊಳ್ಳಿ). ಆದರೆ ಅಗಾಥಾ ಕ್ರಿಸ್ಟಿಯ ಪತ್ತೇದಾರಿ ಅಜ್ಜಿ ಮಿಸ್ ಮಾರ್ಪಲ್ ಚಿತ್ರಗಳ ನಾಯಕಿಯೂ ಆಕೆಯೇ. ಪಿಯಾನೊ, ವಾಚನ ಕಲಿಸುತ್ತಿದ್ದವರು ಲಂಡನ್ನಿನ ಓಲ್ಡ್ ವಿಕ್ ನಾಟಕ ತಂಡ ಸೇರಿದ್ದು 1925ರಲ್ಲಿ, 33ನೇ ವಯಸ್ಸಿಗೆ. ಎಳೆಯ ನಾಯಕಿಯ ವಯಸ್ಸು ದಾಟಿ ಬಂದವರಿಗೆ ಅತ್ತೆ, ಅಜ್ಜಿ, ಮೇಷ್ಟ್ರಮ್ಮನ ಪಾತ್ರಗಳೇ ದಾರಿಯಾದವು. ಆ ಗಲ್ಲ, ಆ ದನಿಯನ್ನು ಇಟ್ಟುಕೊಂಡು ನಗೆಪಾತ್ರವನ್ನೂ ಪೂರ್ತಿ ಗಂಭೀರವಾಗಿ ಆಡುವುದೇ ಆಕೆಯ ಬಲ. ಅದಕ್ಕೇ 'ವಿಶಿಷ್ಟ ಪಾತ್ರಗಳ ನಟಿ' ಎಂದು ಉಳಿಸಿಕೊಂಡೆ.

ಮಾರ್ಪಲ್ ಸಾಲುಗಳಲ್ಲಿ ಎಲ್ಲರೂ ಎಡವುವುದು ಮೂಲ ಕೃತಿಯ ವಿಷಯದಲ್ಲಿ. 1961ರಿಂದ 1964ರವರೆಗೆ ಬಂದ ನಾಲ್ಕು ಚಿತ್ರಗಳಲ್ಲಿ ಮೊದಲನೆಯದು, 'ಮರ್ಡರ್, ಶಿ ಸೆಡ್', ಮಾತ್ರ ಮಾರ್ಪಲ್ ಕಾದಂಬರಿಯಿಂದ ಬಂದದ್ದು. 'ಮರ್ಡರ್ ಅಟ್ ದಿ ಗ್ಯಾಲಪ್', 'ಮರ್ಡರ್ ಮೋಸ್ಟ್ ಫೌಲ್' ಕ್ರಿಸ್ಟಿಯ ಇನ್ನೊಬ್ಬ ಪತ್ತೇದಾರ ಪ್ವಾರೋನ ಕಾದಂಬರಿಗಳ ಮೇಲೆ ನಿಂತಿವೆ. 'ಮರ್ಡರ್ ಅಹಾಯ್' ಚಿತ್ರಕ್ಕಾಗಿಯೇ ಹೆಣೆದ ಕಥೆ. ನಾಲ್ಕರಲ್ಲೂ ಬರುವ ಮಿಸ್ಟರ್ ಸ್ಟ್ರಿಂಜರ್ ಕ್ರಿಸ್ಟಿಯ ಪುಸ್ತಕಗಳಲ್ಲಿಲ್ಲ. ಆ ಪಾತ್ರ ಮಾಡಿದವರು ಆಕೆಯ ಪತಿ ಸ್ಟ್ರಿಂಜರ್ ಡೇವಿಸ್.

ಬಿರುದಿನಲ್ಲೂ ವರ್ಷ ನೋಡಬೇಕು: ಬ್ರಿಟನ್ ಮಹಿಳೆಯರಿಗೆ ಕೊಡುವ 'ಡೇಮ್' ಬಂದದ್ದು 1967ರಲ್ಲಿ, ಅದಕ್ಕೂ ಹಿಂದಿನ ಸಾಲುಗಳಲ್ಲಿ ಹೆಸರಿನ ಮುಂದೆ ಅದನ್ನು ಹಾಕಲಿಲ್ಲ.

'ಮರ್ಡರ್, ಶಿ ಸೆಡ್' ಸಾಲಿಗೆ ಒಂದು ಅಡಿಟಿಪ್ಪಣಿ ಸೇರಿಸಿದ್ದೇನೆ. ಅದರಲ್ಲಿ ಮನೆಗೆಲಸದ ಮಿಸೆಸ್ ಕಿಡರ್ ಆಗಿರುವವರು ಜೋನ್ ಹಿಕ್ಸನ್. 1984ರಿಂದ ಬಿಬಿಸಿಯಲ್ಲಿ ಮಿಸ್ ಮಾರ್ಪಲ್ ಆದವರು ಅವರೇ.